ಇಲ್ಲದ ಬೆಟ್ಟದ ನೆರಳು

ನಮ್ಮೂರಿನಲ್ಲಿ ಸಂಜೆ ನಾಲ್ಕರ ಮೇಲೆ ಯಾರೂ ಬಾಗಿಲು ಹಾಕುವುದಿಲ್ಲ. ತಲೆಬಾಗಿಲೂ ಹಾಕುವುದಿಲ್ಲ, ಹಿತ್ತಲ ಬಾಗಿಲೂ ಹಾಕುವುದಿಲ್ಲ. ಮನೆ ಕಟ್ಟುವಾಗಲೇ ಮೇಸ್ತ್ರಿ ಎರಡೂ ಬಾಗಿಲು ಎದುರುಬದುರಾಗಿ ಇವೆಯೇ ಎಂದು ದಾರ ಹಿಡಿದು ನೋಡುತ್ತಾನೆ. ಆ ಹೊತ್ತಿನಲ್ಲಿ ಯಾರಾದರೂ ನಿಮ್ಮ ನಡುಮನೆಯೊಳಗೆ ನಡೆದು ಬಂದರೆ ಯಾರು, ಏನು ಎಂದು ಕೇಳುವಂತಿಲ್ಲ. ಕೂಸು ಮಲಗಿದ್ದರೆ ತೊಟ್ಟಿಲು ಸರಿಸಬೇಕು. ಉಣ್ಣುತ್ತಿದ್ದರೆ ತಟ್ಟೆ ಎತ್ತಿಕೊಂಡು ಗೋಡೆಗೆ ಒರಗಬೇಕು, ಅವರು ದಾಟಿ ಹೋದ ಮೇಲೆ ಮತ್ತೆ ಕೂತು ಉಣ್ಣಬೇಕು. ಒಮ್ಮೆ ಹೊರಗಿನಿಂದ ಹೊಸದಾಗಿ ಬಂದ ಪೋಸ್ಟ್ ಮಾಸ್ತರ ಐದು ಗಂಟೆಗೆ ಚಿಲಕ ಹಾಕಿಕೊಂಡು ಮಲಗಿಬಿಟ್ಟಿದ್ದ. ಎದ್ದು ಬಾಗಿಲು ತೆಗೆದರೆ ಮುದುಕಿಯೊಬ್ಬಳು ಅವನ ಮನೆಯ ಗೋಡೆಗೆ ಹಣೆ ಹಚ್ಚಿ ಅಳುತ್ತ ನಿಂತಿದ್ದಾಳೆ. ಅವನ ಹೆಂಡತಿ ಒಳ್ಳೆಯವಳು, ಮರುದಿನವೇ ಚಿಲಕ ಕೀಳಿಸಿದಳು.

ನಾನು ಬಸಲಿಂಗವ್ವ, ಹಿಟ್ಟಿನ ಗಿರಣಿಯವಳು. ನನ್ನ ದನಿ ದೊಡ್ಡದು ಎಂದು ಊರೆಲ್ಲ ಆಡಿಕೊಳ್ಳುತ್ತದೆ. ಆಡಿಕೊಳ್ಳಲಿ, ನನಗೇನು? ಮೂವತ್ತೈದು ವರ್ಷ ಗಿರಣಿಯ ಸದ್ದಿನ ಮೇಲೆ ಮಾತಾಡಿದವಳಿಗೆ ಮೆಲ್ಲಗೆ ಮಾತಾಡು ಎಂದರೆ ಎಲ್ಲಿಂದ ಬರಬೇಕು ಮೆಲುದನಿ? ಅದೇ ಸದ್ದಿನಿಂದ ಇನ್ನೊಂದು ವಿದ್ಯೆಯೂ ಬಂದಿದೆ. ಎದುರಿಗಿನವರ ತುಟಿ ಆಡುವುದನ್ನು ನೋಡಿಯೇ ಅರ್ಧ ಮಾತು ತಿಳಿದುಕೊಳ್ಳುತ್ತೇನೆ. ಗಿರಣಿಯೊಳಗೆ ನಿಂತು ನನ್ನ ಬಗ್ಗೆ ಚಾಡಿ ಹೇಳಿ ಸಿಕ್ಕಿಬಿದ್ದವರು ಬೇಕಾದಷ್ಟಿದ್ದಾರೆ.

ಇರಲಿ, ಬಾಗಿಲಿನ ಮಾತಿಗೆ ಬರುತ್ತೇನೆ. ನಮ್ಮೂರ ಪಡುವಣಕ್ಕೆ ತಾಮ್ರದ ಬೆಟ್ಟವಿತ್ತು. ನನ್ನ ಮುತ್ತಜ್ಜನ ಕಾಲಕ್ಕೆ ಕುರಿ ಕಾಯುವವರು ಅಲ್ಲಿಂದ ಹಸಿರು ಕಲ್ಲು ಆರಿಸಿ ತಂದು, ಕುಲುಮೆಯಲ್ಲಿ ಕರಗಿಸಿ, ಚೊಂಬು ಕೊಡಪಾನ ಬಡಿಯುತ್ತಿದ್ದರಂತೆ. ಮರಳು ದಾಟಿ ಬರುವ ಕತ್ತೆಗಳ ಸಾಲು ಉಪ್ಪು, ಸಜ್ಜೆ ಇಳಿಸಿ ಅವನ್ನು ಹೇರಿಕೊಂಡು ಹೋಗುತ್ತಿತ್ತಂತೆ. ಆಮೇಲೆ ಕಂಪನಿ ಬಂತು. ಹಳಿ ಹಾಕಿತು, ನೆತ್ತಿಯಿಂದ ಮೆಟ್ಟಿಲು ಮೆಟ್ಟಿಲಾಗಿ ಕೆತ್ತುತ್ತ ಬಂತು. ನನ್ನ ಅಜ್ಜ ಬೆಟ್ಟದ ನೆತ್ತಿ ಕೆತ್ತಿದ, ಅಪ್ಪ ನಡು ಕೆತ್ತಿದ, ನನ್ನ ಓರಗೆಯವರು ಬುಡ ಕೆತ್ತಿದರು. ಬುಡ ಮುಗಿದ ಮೇಲೆ ನೆಲವನ್ನೂ ತೋಡಿದರು. ಕೊನೆಗೊಂದು ದಿನ ಕಂಪನಿ ಹಳಿಯನ್ನೂ ಕಿತ್ತುಕೊಂಡು ಹೋಯಿತು. ಈಗ ಅಲ್ಲಿ ಊರಷ್ಟೇ ಅಗಲದ ಗುಂಡಿಯಿದೆ. ಗುಂಡಿಯಲ್ಲಿ ಮೈಲುತುತ್ತದ ನೀಲಿ ಬಣ್ಣದ ನೀರಿದೆ, ನೋಡಲು ಬಲು ಚಂದ, ಒಂದು ಹಕ್ಕಿಯೂ ಅದಕ್ಕೆ ಬಾಯಿ ಹಾಕುವುದಿಲ್ಲ. ನಮ್ಮ ಬೆಟ್ಟ ತಂತಿಯಾಗಿ ಯಾವಯಾವುದೋ ಪಟ್ಟಣ ಸೇರಿತು. ನೆರಳು ಮಾತ್ರ ಹೋಗಲಿಲ್ಲ.

ಪ್ರತಿ ಸಂಜೆ ಹೊತ್ತು ಇಳಿಯುತ್ತಿದ್ದಂತೆ ಇಲ್ಲದ ಬೆಟ್ಟದ ನೆರಳು ಊರೊಳಗೆ ಬರುತ್ತದೆ. ಈ ಮರಳುಗಾಡಿನಲ್ಲಿ ನೆರಳೆಂದರೆ ಏನು ಎಂಬುದು ಬಿಸಿಲು ಕುಡಿದವರಿಗೇ ಗೊತ್ತು. ಅದು ಬಂದ ಮೇಲೇ ನಮ್ಮಲ್ಲಿ ಸಂತೆ ಕೂಡುತ್ತದೆ, ಮದುವೆಯ ಅಕ್ಷತೆ ಬೀಳುತ್ತದೆ, ಮಕ್ಕಳು ಆಡಲು ಹೊರಗೆ ಬರುತ್ತಾರೆ. ನೆರಳಿನ ಅಂಚಿನಲ್ಲಿ ಹನ್ನೊಂದು ಮಂದಿ ಗಂಡಸರು ಮತ್ತು ಒಂದು ಕತ್ತೆ ನಿಂತಿರುವುದು ಕಾಣುತ್ತದೆ. ಅವರೆಲ್ಲ ಬೆಟ್ಟದಲ್ಲಿ ಸತ್ತವರು. ಕಡೆಯ ಗಳಿಗೆಯಲ್ಲಿ ಯಾರು ಹೇಗಿದ್ದರೋ ಹಾಗೆಯೇ ಇದ್ದಾರೆ, ಕೈಕಾಲು ಕದಲಿಸುವುದಿಲ್ಲ. ಹೊತ್ತು ಇಳಿದ ಹಾಗೆ ಬೆಟ್ಟದ ನೆರಳು ಮೂಡಣಕ್ಕೆ ಚಾಚಿಕೊಳ್ಳುತ್ತದಲ್ಲ, ಅದರ ಜೊತೆಗೆ ಅವರೂ ಬೀದಿ, ಕಟ್ಟೆ, ನಡುಮನೆ, ಒಲೆಯ ಮೇಲೆಲ್ಲ ಹಾದು ಸರಿಯುತ್ತ ಹೋಗುತ್ತಾರೆ. ಊರಾಚೆಯ ಜಾಲಿಗಿಡಗಳ ಹತ್ತಿರ ಹೊತ್ತು ಮುಳುಗಿದಾಗ ಕರಗಿ ಹೋಗುತ್ತಾರೆ. ಅಲ್ಲಿಯವರೆಗೆ ಅವರವರ ಮನೆಯವರು ಅವರವರ ನೆರಳಿನ ಪಕ್ಕದಲ್ಲಿ ನಡೆಯುತ್ತಾರೆ. ಬೇಸಿಗೆಯಲ್ಲಿ ತೆಂಕಣ ಓಣಿಗಳಲ್ಲಿ, ಚಳಿಗಾಲದಲ್ಲಿ ಬಡಗಣ ಓಣಿಗಳಲ್ಲಿ, ನಡುವಿನ ದಿನಗಳಲ್ಲಿ ನನ್ನ ಗಿರಣಿಯೊಳಗೇ ಹಾದು. ಹೆಚ್ಚೆಂದರೆ ಒಂದು ಗಂಟೆಯ ದಾರಿ. ಆ ದಾರಿಗೆ ಅಡ್ಡ ಬರಬಾರದು ಎಂದೇ ಬಾಗಿಲು ತೆರೆದಿಡುವುದು.

ನನ್ನ ಅಪ್ಪ ಆ ಹನ್ನೊಂದು ಮಂದಿಯಲ್ಲಿ ಇಲ್ಲ. ಅವನನ್ನೂ ಬೆಟ್ಟವೇ ತಿಂದದ್ದು, ಆದರೆ ಅವನು ಬೆಟ್ಟದಲ್ಲಿ ಸಾಯಲಿಲ್ಲ. ಆರು ವರ್ಷ ಮನೆಯ ಮೂಲೆಯಲ್ಲಿ ಕೂತು ಕಲ್ಲಿನ ಧೂಳು ಕೆಮ್ಮಿ ಕೆಮ್ಮಿ ಸತ್ತ. ಊರಲ್ಲಿ ಹಾಗೆ ಸತ್ತವರೇ ಹೆಚ್ಚು, ಅವರ ಯಾರ ನೆರಳೂ ಬರುವುದಿಲ್ಲ. ಗಿರಣಿಯಲ್ಲಿ ಚೀಲ ಸರಿಸಿ ಬೇರೆಯವರಿಗೆ ದಾರಿ ಬಿಡುವಾಗ ನನಗೆ ಹೊಟ್ಟೆಕಿಚ್ಚು ಆಗುತ್ತಿರಲಿಲ್ಲ ಎಂದರೆ ಸುಳ್ಳು ಹೇಳಿದಂತೆ. ಆಗುತ್ತಿತ್ತು. ಎಲ್ಲರಿಗಿಂತ ಹೆಚ್ಚು ಕಾಶವ್ವನನ್ನು ನೋಡಿದಾಗ ಆಗುತ್ತಿತ್ತು.

ಕಾಶವ್ವ ನಮ್ಮ ಓಣಿಯವಳೇ, ರೊಟ್ಟಿ ತಟ್ಟಿ ಮಾರಿ ಬದುಕುವವಳು. ಮೂವತ್ತೊಂದು ವರ್ಷದ ಹಿಂದೆ ಒಂದು ಮಧ್ಯಾಹ್ನ ಬೆಟ್ಟದಲ್ಲಿ ಮದ್ದು ಹೊತ್ತಿಗೆ ಮುಂಚೆಯೇ ಸಿಡಿಯಿತು. ಇಬ್ಬರು ಹೋದರು. ಒಬ್ಬ ಅವಳ ಗಂಡ ಸಾಬಣ್ಣ, ಇನ್ನೊಬ್ಬ ಇಮಾಂಬಿಯ ಗಂಡ ಮೌಲಾಲಿ. ಸಾಬಣ್ಣ ಹಾರೆಯಿಂದ ಬಂಡೆಗೆ ತೂತು ಕೊರೆಯುವವನು, ಮೌಲಾಲಿ ಆ ತೂತಿಗೆ ಮದ್ದು ತುಂಬಿ ಬತ್ತಿ ಹಚ್ಚುವವನು. ಮೈ ಸಿಗಲಿಲ್ಲ. ಮೂರನೆಯ ಸಂಜೆ ನೆರಳಿನ ಅಂಚಿನಲ್ಲಿ ಇಬ್ಬರು ಹೊಸಬರು ಕಂಡರು, ನಡುವೆ ಒಂದು ಮಾರು ಅಂತರ. ಒಬ್ಬ ಹಾರೆ ಹಿಡಿದು ನಿಂತಿದ್ದ. ಇನ್ನೊಬ್ಬ ಎರಡೂ ಕೈ ಎತ್ತಿ ತಲೆಗೆ ವಸ್ತ್ರ ಸುತ್ತಿಕೊಳ್ಳುತ್ತಿದ್ದ. ನೆರಳಿಗೆ ಕಣ್ಣೋ ಮೂಗೋ? ಹಾರೆ ಹಿಡಿದವನೇ ಸಾಬಣ್ಣ, ಇನ್ನು ಯಾರು ಎಂದು ಊರೆಲ್ಲ ಹೇಳಿತು. ನಾನೂ ಹೇಳಿದೆ, ಎಲ್ಲರಿಗಿಂತ ಜೋರಾಗಿ ಹೇಳಿದೆ.

ಕಾಶವ್ವನಿಗೆ ಆಗ ಇಪ್ಪತ್ತು ವರ್ಷ, ಏಳು ತಿಂಗಳ ಬಸುರಿ. ಮೂರು ದಿನದಿಂದ ಗುಟುಕು ನೀರು ಕುಡಿದಿರಲಿಲ್ಲ. ಓಡಿ ಹೋಗಿ ಹಾರೆಯ ನೆರಳಿನ ಪಕ್ಕದಲ್ಲಿ ಕುಸಿದು ಕೂತಳು, ಅದು ಸರಿದಂತೆ ಕೂತಲ್ಲೇ ಸರಿದಳು, ಆಮೇಲೆ ಎದ್ದು ಅದರ ಜೊತೆ ನಡೆದಳು. ಜಾಲಿಗಿಡದವರೆಗೆ ಹೋಗಿ ಬಂದವಳು, "ಯಾರರ ಒಂದು ರೊಟ್ಟಿ ಕೊಡ್ರೆವಾ, ಹಸಿವಾಗೇತಿ" ಅಂದಳು. ನಮ್ಮೆಲ್ಲರ ಕಣ್ಣಲ್ಲಿ ನೀರು ಬಂತು. ರೊಟ್ಟಿ ತಂದುಕೊಟ್ಟವಳು ಇಮಾಂಬಿ.

ಅಂದಿನಿಂದ ಆ ಇಬ್ಬರೂ ಹೆಂಗಸರು ಜೊತೆಯಾಗಿಯೇ ನಡೆದರು. ಹಾರೆ ಹಿಡಿದವನ ಪಕ್ಕ ಕಾಶವ್ವ, ವಸ್ತ್ರ ಸುತ್ತಿಕೊಳ್ಳುವವನ ಪಕ್ಕ ಇಮಾಂಬಿ. ಕಾಶವ್ವ ಉಳಿದ ಇಪ್ಪತ್ತಮೂರು ಗಂಟೆ ಬದುಕುತ್ತಿದ್ದದ್ದೇ ಆ ಒಂದು ಗಂಟೆಗಾಗಿ. ಬೇರೆ ಕಡೆ ಕೂಡಿಕೆ ಮಾಡಿಕೋ ಎಂದು ಹಿರಿಯರು ಹೇಳಿದಾಗ, "ದಿನಾ ಸಂಜೀಕ ತಪ್ಪದ ಮನೀಗೆ ಬರೂ ಗಂಡ ನಿಮ್ಮ ಪೈಕಿ ಎಷ್ಟು ಮಂದಿಗೆ ಅದಾನ ಹೇಳ್ರಿ ನೋಡೂಣು" ಎಂದು ಕೇಳಿ ಬಾಯಿ ಮುಚ್ಚಿಸಿದ್ದಳು. ಮಗಳು ಸುಗಲಾ ಹುಟ್ಟಿದಾಗ ಹನ್ನೆರಡನೆಯ ದಿನಕ್ಕೇ ಎತ್ತಿಕೊಂಡು ಬಂದು ನೆರಳಿನ ಮುಂದೆ ಹಿಡಿದಳು. ನಡೆದಷ್ಟು ದಾರಿಯೂ ಅವಳದು ಒಂದೇ ಸಮನೆ ಮಾತು. ಹಿಟ್ಟು ಎಷ್ಟು ನಾದಿದೆ, ಯಾರು ಜಗಳಕ್ಕೆ ಬಂದರು, ಯಾರ ಎಮ್ಮೆ ಈಯಿತು, ಎಲ್ಲ ಹೇಳಬೇಕು. ಅದರಲ್ಲಿ ಅರ್ಧ ಇಮಾಂಬಿಯ ಮೇಲಿನ ದೂರೇ ಇರುತ್ತಿತ್ತು. ಇಮಾಂಬಿಗೆ ಮಕ್ಕಳಿಲ್ಲ, ಒಬ್ಬಳೇ ಜೀವ, ಕೌದಿ ಹೊಲಿದು ಬದುಕುವವಳು. ಮಾತು ಕಮ್ಮಿ, ಆಡಿದರೂ ತುಟಿ ಮಾತ್ರ ಆಡುವುದು. ಅವಳು ತನ್ನ ಕಡೆಯ ನೆರಳಿಗಿಂತ ಕಾಶವ್ವನ ಕಡೆಗೇ ಹೆಚ್ಚು ಕತ್ತು ತಿರುಗಿಸಿ ನಡೆಯುತ್ತಿದ್ದಳು. ಕಾಶವ್ವನ ಬಾಯಿಗೆ ಯಾರು ತಾನೇ ತಿರುಗಿ ನೋಡುವುದಿಲ್ಲ ಎಂದು ನಾವು ನಗುತ್ತಿದ್ದೆವು.

ಈ ವರ್ಷ ಇಮಾಂಬಿ ಹಾಸಿಗೆ ಹಿಡಿದಳು. ಅವಳೂ ಹರೆಯದಲ್ಲಿ ಕಂಪನಿಯ ಅಂಗಳದಲ್ಲಿ ಕಲ್ಲು ಒಡೆದವಳೇ. ಆ ಧೂಳು ಎದೆಯೊಳಗೆ ಕೂತು ಕಾಯುತ್ತಿತ್ತು. ನನ್ನ ಅಪ್ಪನ ಕೆಮ್ಮು ಕೇಳಿದವಳು ನಾನು, ಅವಳ ಕೆಮ್ಮು ಕೇಳಿದ ಕೂಡಲೇ ಇನ್ನು ಬಹಳ ದಿನವಿಲ್ಲ ಎಂದು ಗೊತ್ತಾಯಿತು. ಎರಡು ತಿಂಗಳು ಅವಳು ನೆರಳಿನ ಜೊತೆ ನಡೆಯಲಿಲ್ಲ. ಕಾಶವ್ವ ಎರಡು ಹೊತ್ತೂ ಗಂಜಿ ಒಯ್ದು ಕುಡಿಸುತ್ತಿದ್ದಳು, ತಲೆ ಬಾಚುತ್ತಿದ್ದಳು, ಅವಳ ಸೀರೆ ಒಗೆದು ಹಾಕುತ್ತಿದ್ದಳು, ಜೊತೆಗೆ ಬೈಯುತ್ತಲೂ ಇದ್ದಳು.

ಒಂದು ಮಧ್ಯಾಹ್ನ ನಾನು ಗಂಜಿಗೆಂದು ನವಣೆ ಹಿಟ್ಟು ಕೊಡಲು ಹೋದಾಗ ಕಾಶವ್ವ ಅಲ್ಲೇ ಇದ್ದಳು. ಬಟ್ಟಲು ಹಿಡಿದು ಹೇಳುತ್ತಿದ್ದಳು, "ಇಮಾಂಬಕ್ಕ, ಇನ್ನ ನಾಕೈದು ದಿನಕ್ಕ ನೆರಳು ಗಿರಣಿ ಓಣಿಗೆ ಬರ್ತೈತಿ. ಅಲ್ಲಿ ದಾರಿ ಸಪಾಟ ಐತಿ. ನೀ ಮಲಗೂ ಹೊರಸು ಎತ್ಗೊಂಡು ಹೋಗಿ ಮೌಲಾಲಿ ಅಣ್ಣನ ಹತ್ರ ಇಡ್ತೀವಿ. ಎರಡು ತಿಂಗಳಾತು ನಿನ್ನ ಕಾಣದ, ಏನು ತಿಳ್ಕೊಂಡಾನು ಅಂವ?"

ಇಮಾಂಬಿ ಬಟ್ಟಲನ್ನು ಕೈಯಿಂದ ಆಚೆ ಸರಿಸಿದಳು. ಆಮೇಲೆ, "ಒಯ್ಯೂದಾದ್ರ ಹಾರಿ ಹಿಡದಾರಲ್ಲ, ಅವರ ಹತ್ರ ಒಯ್ಯಿ ಕಾಶಿ" ಅಂದಳು.

"ಅದ್ಯಾಕ? ಅವರು ನಮ್ಮವರಲ್ಲ?" ಎಂದು ಕಾಶವ್ವ ನಕ್ಕಳು. ನನ್ನ ಕಡೆ ತಿರುಗಿ, "ನೋಡು ಬಸಲಿಂಗಕ್ಕ, ಜ್ವರ ತಲೀಗೆ ಏರೇತಿ" ಅಂದಳು.

"ಏರಿಲ್ಲ. ಅವರು ನಮ್ಮವರು, ಕಾಶಿ. ಎಡಗಡೆ ಭುಜ ಇಳಿದೈತಿ ನೋಡು. ಸಣ್ಣಂದಿರಾಗ ಬಾವ್ಯಾಗ ಬಿದ್ದು ಮುರಕೊಂಡಿದ್ರು, ಅದು ನೆಟ್ಟಗ ಕೂಡ್ಲೇ ಇಲ್ಲ. ಆ ಹೊತ್ತಿನಾಗ ನಿನ್ನ ಗಂಡ ರುಮಾಲು ಬಿಚ್ಚಿತಂತ ಹಾರಿ ಇವರ ಕೈಯಾಗ ಕೊಟ್ಟಿದ್ದಾನು. ರುಮಾಲು ಸುತಗೊಳ್ಳಾಕತ್ತಾನಲ್ಲ, ಅವನೇ ಸಾಬಣ್ಣ."

ಕಾಶವ್ವನ ನಗು ಮುಖದ ಮೇಲೆ ಹಾಗೇ ನಿಂತಿತ್ತು. "ಯಾವತ್ತಿನಿಂದ ಗೊತ್ತು ನಿನಗ?" ಎಂದು ಕೇಳಿದಳು.

"ಮೊದಲನೇ ದಿನದಿಂದ."

ಕಾಶವ್ವ ಬಟ್ಟಲನ್ನು ನೆಲದ ಮೇಲೆ ಇಟ್ಟಳು. ಎದ್ದಳು, ಸೆರಗು ಕೊಡವಿದಳು, ಹೊಸ್ತಿಲು ದಾಟಿ ಹೋದಳು. ಕಾಶವ್ವ ಮಾತಾಡದೆ ಹೋದದ್ದನ್ನು ನಾನು ಕಂಡದ್ದು ಅದೇ ಮೊದಲು. ಆಮೇಲೆ ಸಿಟ್ಟು ಬಂತು. "ಅಲ್ಲಬೇ, ಮೂವತ್ತೊಂದು ವರ್ಷ ಬಾಯಿ ಹೊಲ್ಕೊಂಡು ಕುಂತಾಕಿ ಈಗ್ಯಾಕ ಬಿಚ್ಚಿದಿ?" ಎಂದು ಇಮಾಂಬಿಯ ಮೇಲೆ ಹರಿಹಾಯ್ದೆ.

ಅವಳು ಉಸಿರು ಹಿಡಿದು ಹಿಡಿದು ಹೇಳಿದಳು. "ಆವತ್ತ ಆಕಿ ರೊಟ್ಟಿ ಕೇಳಿದ್ಲು ಬಸಲಿಂಗಿ. ಹೊಟ್ಟ್ಯಾಗ ಕೂಸಿತ್ತು. ಅಂವ ನಿನ್ನ ಗಂಡ ಅಲ್ಲ ಅಂದಿದ್ರ ಆಕಿ ಮತ್ತ ಉಪವಾಸ ಬೀಳ್ತಿದ್ಲು. ಹೆರಿಗಿ ಆಗ್ಲಿ, ಆಮ್ಯಾಲ ಹೇಳೂಣು ಅಂದ್ಕೊಂಡೆ. ಹೆರಿಗಿ ಆತು. ಕೂಸು ತಂದು ಅವರ ಮುಂದ ಹಿಡದು ನಗಾಕತ್ತಿದ್ಲು. ಹ್ಯಾಂಗ ಹೇಳ್ಲಿ? ಇವತ್ತು ನಾಳೆ ಅಂತ ಹಿಂಗ ಆಗಿಹೋತು." ಕೆಮ್ಮಿ ಸುಧಾರಿಸಿಕೊಂಡು ಅಂದಳು, "ಹೇಳೂದಿಲ್ಲಂತನ ಇದ್ದೆ. ಸಾಯೂಮುಂದ ಒಂದ ಸಲ, ಒಂದ ಒಂದು ಸಲ ಅವರ ಹತ್ರ ಕುಂದರಬೇಕು ಅನ್ನಿಸಿಬಿಡ್ತು. ತಪ್ಪಾತು."

ನನ್ನ ಸಿಟ್ಟು ಎಲ್ಲಿ ಹೋಯಿತೋ. ಒಂದು ಮಾರು ದೂರದಲ್ಲಿ ತನ್ನ ಗಂಡ, ಅವನ ಪಕ್ಕದಲ್ಲಿ ಇನ್ನೊಬ್ಬಳು, ತಾನು ಇತ್ತ ಕಡೆ. ಹೀಗೆ ಮೂವತ್ತೊಂದು ವರ್ಷ ಕತ್ತು ತಿರುಗಿಸಿಕೊಂಡು ನಡೆದವಳನ್ನು ನಾವು ಚಾಷ್ಟಿ ಮಾಡಿ ನಕ್ಕಿದ್ದೆವು. ಬಟ್ಟಲೆತ್ತಿ ಉಳಿದ ಗಂಜಿ ನಾನೇ ಕುಡಿಸಲು ಹೋದೆ. ಅವಳು ಬಾಯಿ ತೆರೆಯಲಿಲ್ಲ.

ಆ ಸಂಜೆ ಕಾಶವ್ವ ಬಾಗಿಲು ಹಾಕಿಕೊಂಡಳು. ಮರುದಿನವೂ ತೆಗೆಯಲಿಲ್ಲ. ನಮ್ಮೂರಿನಲ್ಲಿ ನಾಲ್ಕರ ಮೇಲೆ ಹಾಕಿದ ಬಾಗಿಲೆಂದರೆ ಏನು ಹೇಳಲಿ, ಬೀದಿಯಲ್ಲಿ ಹೋಗುವವರು ಅದನ್ನು ನೋಡಲಾರದೆ ತಲೆ ತಗ್ಗಿಸುತ್ತಿದ್ದರು. ಮೂರನೆಯ ದಿನ ಹಂಪವ್ವಜ್ಜಿಯ ಮಗನ ನೆರಳು ಆ ಮನೆಯ ಮೇಲೇ ಹಾಯಿತು. ಪಾಪ, ಎಂಬತ್ತರ ಮುದುಕಿ, ಬಾಗಿಲು ಬಡಿದು ಬಡಿದು, ಓಣಿ ಸುತ್ತಿ ಆ ಕಡೆಗೆ ಹೋಗುವಷ್ಟರಲ್ಲಿ ಮಗ ಮುಂದಕ್ಕೆ ಹೋಗಿಬಿಟ್ಟಿದ್ದ. ಅಳುತ್ತ ನನ್ನ ಗಿರಣಿಗೆ ಬಂದು ಕೂತಳು. ಇತ್ತ ಇಮಾಂಬಿ ಮೂರು ದಿನದಿಂದ ಗಂಜಿ ಮುಟ್ಟಿರಲಿಲ್ಲ. ನಾನು ಹಿಟ್ಟಿನ ಕೈಯಲ್ಲೇ ಎದ್ದು ಹೋದೆ.

"ಏ ಕಾಶಿ! ಬಾಗಿಲಾ ತಗೀತಿಯೋ ಮುರಿಯಲೋ?"

"ಮುರಿ," ಎಂದು ಒಳಗಿನಿಂದ ದನಿ ಬಂತು.

"ಇಮಾಂಬಿ ಸಾಯಾಕತ್ತಾಳ. ನಿನಗ ಕಲ್ಲು ಮನಸ್ಸೇನು?"

ಅವಳು ಬಾಗಿಲಿಗೆ ಬೆನ್ನು ಹಚ್ಚಿ ಕೂತ ಸದ್ದಾಯಿತು. ಆಮೇಲೆ ಮಾತಾಡಿದಳು. "ಆಕಿ ಮ್ಯಾಲ ನನಗ ಸಿಟ್ಟಿಲ್ಲ ಬಸಲಿಂಗಕ್ಕ. ತಾನು ಉಪವಾಸ ಇದ್ದು ನನಗ ಉಣ್ಣಿಸಿದ್ಲು, ನನಗ ತಿಳೀತೈತಿ. ಆದ್ರ ನನ್ನ ಗಂಡ? ಒಂದು ಮಾರು ದೂರ ನಿಂತಿದ್ರು. ಮೂವತ್ತೊಂದು ವರ್ಷ ನಾ ಅವರ ಕಡೆ ಹೊಳ್ಳಿ ನೋಡ್ಲಿಲ್ಲ. ಎಲ್ಲಾ ಸುದ್ದಿ ಇನ್ನೊಬ್ಬರ ಮುಂದ ಹೇಳಿದೆ. ಅವರಿಗೆ ಮಗಳು ಹುಟ್ಟ್ಯಾಳ ಅನ್ನೂದ ಗೊತ್ತಿಲ್ಲಲ್ಲ. ಸುಗಲಾ ಅಂತ ಒಬ್ಬಾಕಿ ಅದಾಳ ಅನ್ನೂದ ಗೊತ್ತಿಲ್ಲಲ್ಲ!" ಎಂದು ಬಿಕ್ಕಿ ಬಿಕ್ಕಿ ಅತ್ತಳು. ನಾನೂ ಹೊರಗಿನ ಕಟ್ಟೆಯ ಮೇಲೆ ಕೂತು ಅತ್ತೆ.

ಸುಗಲಾ ಎಂಬ ಹೆಸರು ಕಿವಿಗೆ ಬಿದ್ದಾಗ ನನಗೆ ಏನೋ ನೆನಪಾಯಿತು. ಗಿರಣಿ ಓಡುತ್ತಿರುವಾಗ ಇಬ್ಬರೂ ನನ್ನ ಮುಂದೆಯೇ ಹಾದು ಹೋಗುತ್ತಿದ್ದರಲ್ಲ, ಸದ್ದಿನಲ್ಲಿ ಯಾರ ಮಾತೂ ಕೇಳಿಸುತ್ತಿರಲಿಲ್ಲ, ಆದರೆ ಇಮಾಂಬಿಯ ತುಟಿಯ ಮೇಲೆ ಆ ಹೆಸರನ್ನು ನಾನು ಎಷ್ಟು ಸಲ ಕಂಡಿಲ್ಲ? ಸು-ಗ-ಲಾ. ತನ್ನ ಗಂಡನ ಮುಂದೆ ಬೇರೆಯವರ ಮಗಳ ಸುದ್ದಿ ಯಾಕೆ ಹೇಳುತ್ತಾಳೆ, ಮಕ್ಕಳಿಲ್ಲದ ಜೀವ, ಆಸೆ ಇರಬೇಕು ಅಂದುಕೊಂಡು ಸುಮ್ಮನಾಗಿದ್ದೆ. ದಡ್ಡಿ ನಾನು, ಶುದ್ಧ ದಡ್ಡಿ. ಎದ್ದು ಇಮಾಂಬಿಯ ಮನೆಗೆ ಓಡಿದೆ, ಈ ವಯಸ್ಸಿನಲ್ಲಿ, ಈ ಮೈ ಹೊತ್ತುಕೊಂಡು.

"ಸಾಬಣ್ಣನ ಮುಂದ ನೀ ದಿನಾ ಏನು ಹೇಳ್ತಿದ್ದಿ?" ಎಂದು ಏದುಸಿರು ಬಿಡುತ್ತ ಕೇಳಿದೆ.

ಅವಳಿಗೆ ನನ್ನ ಪ್ರಶ್ನೆಯೇ ವಿಚಿತ್ರವೆನಿಸಿರಬೇಕು. "ಮತ್ತೇನು ಹೇಳ್ಲಿ? ಅವನ ಹೆಂಡ್ತಿ ಮಗಳ ಸುದ್ದಿ ಹೇಳ್ತಿದ್ದೆ. ಕೂಸಿಗೆ ಹಲ್ಲು ಬಂತು ಅಂತ ಹೇಳೀನಿ. ಮೈತುಂಬ ಗೊಬ್ಬರ ಎದ್ದು ಜ್ವರ ಬಂದಾಗ ಕಾಶಿ ಎಂಟು ದಿನ ಕಣ್ಣು ಮುಚ್ಚಲಿಲ್ಲಂತ ಹೇಳೀನಿ. ಸಾಲೀಗೆ ಹೋಗೂದಿಲ್ಲಂತ ಹಟ ಮಾಡಿದ್ದು, ಮೈ ನೆರೆದದ್ದು, ಲಗ್ನದಾಗ ಆಕಿ ಹಣಿ ಅವನ ಹಂಗ ಕಾಣ್ತಿದ್ದದ್ದು, ಎಲ್ಲಾ ಹೇಳೀನಿ. ಅಂವ ಅಲ್ಲಿ ನಿಂತಾನ, ಒಬ್ಬರಾದ್ರೂ ಹೇಳಬೇಕಲ್ಲ?"

"ನಿನ್ನ ಗಂಡಗ ನಿನ್ನ ಸುದ್ದಿ?"

ಇಮಾಂಬಿ ನಕ್ಕಳು. ನಗು ಕೆಮ್ಮಾಯಿತು, ಕೆಮ್ಮು ನಿಂತ ಮೇಲೆ ಮತ್ತೆ ನಕ್ಕಳು. "ಕಾಶಿ ಇದ್ಲಲ್ಲ ಹೇಳಾಕ. ದಿನಾ ಅವರ ಮುಂದ ನನ್ನ ಮ್ಯಾಲ ದೂರು. ಇಮಾಂಬಕ್ಕ ಇವತ್ತ ಉಂಡಿಲ್ರಿ, ಇಮಾಂಬಕ್ಕ ಕೌದಿ ಹೊಲದು ಹೊಲದು ಕಣ್ಣು ಕಳಕೊಂತಾಳ್ರಿ, ಇಮಾಂಬಕ್ಕನ ಮಾಡು ಸೋರಾಕತ್ತೇತ್ರಿ, ಹೇಳಿದ್ರ ಕೇಳೂದಿಲ್ರಿ ಅಂತ. ನಾ ಈ ಕಡೆ ನಿಂತು ಕೇಳ್ತಿದ್ದೆ. ಹೊಟ್ಟಿ ತುಂಬ್ತಿತ್ತು."

ಅಲ್ಲಿಂದ ಮತ್ತೆ ಕಾಶವ್ವನ ಮನೆಗೆ ಓಟ. ಬಾಗಿಲಿನ ಸಂದಿಗೆ ಬಾಯಿ ಹಚ್ಚಿ ಒಂದೂ ಬಿಡದೆ ಹೇಳಿದೆ. ಹಲ್ಲು, ಗೊಬ್ಬರ, ಸಾಲೆ, ಲಗ್ನ, ಹಣೆ. ನನ್ನ ದನಿಗೆ ಇಡೀ ಓಣಿ ಹೊರಗೆ ಬಂದು ನಿಂತಿತು, ನಿಲ್ಲಲಿ. ಹೇಳಿ ಮುಗಿಸಿ ನಾನು ಸೋತು ಕೂತೆ. ಒಳಗೆ ಅಗುಳಿ ಸರಿದ ಸದ್ದಾಯಿತು. ಕಾಶವ್ವನ ಕಣ್ಣು ಬಾತು ಹೋಗಿದ್ದವು, ಮೂರು ದಿನ ಬಾಚದ ಕೂದಲು ಕೆದರಿತ್ತು. ಓಣಿಯವರ ನಡುವೆ ನಿಂತಿದ್ದ ಹಂಪವ್ವಜ್ಜಿಯ ಕಾಲು ಮುಟ್ಟಿ ತಪ್ಪಾಯಿತು ಅಂದಳು. ಆಮೇಲೆ ನನ್ನ ಕಡೆ ತಿರುಗಿ, "ಹೊರಸಿಗೆ ನಾಕು ಮಂದಿ ಬೇಕು ಬಸಲಿಂಗಕ್ಕ. ನಾವಿಬ್ಬರು ಆದ್ವಿ, ಇನ್ನಿಬ್ಬರನ್ನ ನೋಡು" ಅಂದಳು.

ಎರಡು ದಿನ ಬಿಟ್ಟು ಆ ಇಬ್ಬರ ನೆರಳು ಗಿರಣಿಯ ದಾರಿಗೆ ಬಂತು. ನಾನು ಗಿರಣಿ ನಿಲ್ಲಿಸಿದೆ. ಬೀಸಿಸಲು ಬಂದವರು ತಮ್ಮ ಚೀಲ ಸರಿಸಿ ದಾರಿ ಬಿಟ್ಟರು. ಕಾಶವ್ವ ಬೆಳಿಗ್ಗೆಯೇ ಹೋಗಿ ಇಮಾಂಬಿಗೆ ಬಿಸಿನೀರಿನಲ್ಲಿ ಮೈ ಒರೆಸಿ, ಹಸಿರು ಸೀರೆ ಉಡಿಸಿ, ಕೂದಲಿಗೆ ಎಣ್ಣೆ ಹಚ್ಚಿ ಬಾಚಿದ್ದಳು. ಹೊರಸಿನ ಒಂದು ಕಾಲಿಗೆ ಕಾಶವ್ವ, ಒಂದಕ್ಕೆ ನಾನು, ಹಿಂದೆ ಓಣಿಯಿಂದ ಕರೆದು ತಂದ ಇಬ್ಬರು ಗಂಡಸರು. ಎತ್ತಿದರೆ ಭಾರವೇ ಇಲ್ಲ, ಕೌದಿಯಷ್ಟೇ ಇದ್ದಳು. ಗಿರಣಿಯ ಅಂಗಳದಲ್ಲಿ ಇಳಿಸಿ ಕಾದೆವು.

ಮೊದಲು ತಂಪು ಬಂತು, ಆಮೇಲೆ ಬೆಟ್ಟದ ಅಂಚು ಬಂತು. ಕತ್ತೆ ಹಾದು ಹೋಯಿತು. ಹಿಂದೆಯೇ ಆ ಇಬ್ಬರೂ ನೆಲದ ಮೇಲೆ ಉದ್ದಕ್ಕೆ ಚಾಚಿಕೊಂಡು ಬಂದರು. ನಾನು ಅಂದು ಮೊದಲ ಸಲ ಸರಿಯಾಗಿ ನೋಡಿದೆ. ಹಾರೆ ಹಿಡಿದವನ ಎಡ ಭುಜ ನಿಜವಾಗಿಯೂ ಇಳಿದಿತ್ತು, ಕಣ್ಣಿದ್ದ ಯಾರಿಗಾದರೂ ಕಾಣುವಷ್ಟು. ಹೊರಸನ್ನು ಎತ್ತಿ ಅವನ ಪಕ್ಕದಲ್ಲಿ ಇಟ್ಟೆವು. ಇಮಾಂಬಿಯ ಕೈ ಹೊರಸಿನಿಂದ ಕೆಳಗೆ ಇಳಿಬಿದ್ದಿತ್ತು. ಹಾರೆಯ ನೆರಳು ಮೊದಲು ಆ ಕೈಯ ಮೇಲೆ ಬಂತು, ಆಮೇಲೆ ಭುಜದ್ದು. ಅವಳು ಇನ್ನೊಂದು ಕೈಯಿಂದ ಮೆಲ್ಲಗೆ ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು. ಐವತ್ತೈದರ ಹೆಂಗಸು ಹೊಸ ಮದುವಣಗಿತ್ತಿಯ ಹಾಗೆ ನಾಚಿದ್ದಳು. ತನ್ನ ಮನೆಮಾತಿನಲ್ಲಿ ಏನೋ ಕೇಳಿದಳು, ಬಹಳ ಸಣ್ಣ ದನಿಯಲ್ಲಿ. ನನಗೆ ಅವಳ ತುಟಿಯಿಂದ ತಿಳಿಯಿತು. ಊಟ ಆಯಿತೇ ಎಂದು ಕೇಳಿದ್ದಳು.

ನೆರಳು ಸರಿದಾಗ ನಾವು ಹೊರಸು ಎತ್ತುತ್ತಿದ್ದೆವು, ನಾಲ್ಕು ಹೆಜ್ಜೆ ಮುಂದೆ ಇಳಿಸುತ್ತಿದ್ದೆವು. ಹೀಗೆ ಗಿರಣಿಯ ಹಿಂಬಾಗಿಲು ದಾಟಿ, ಕಮ್ಮಾರರ ನಡುಮನೆ ದಾಟಿ, ಬಳೆಗಾರರ ಅಂಗಳಕ್ಕೆ ಬಂದೆವು. ಉಣ್ಣುತ್ತಿದ್ದವರು ತಟ್ಟೆ ಹಿಡಿದು ಎದ್ದು ನಿಂತರು. ಇಷ್ಟು ದಾರಿಯೂ ಕಾಶವ್ವ ತಲೆ ತಗ್ಗಿಸಿಕೊಂಡೇ ಹೊರಸು ಹಿಡಿದಿದ್ದಳು, ಒಂದು ಮಾರು ಆಚೆ ಇದ್ದವನ ಕಡೆ ಕಣ್ಣೆತ್ತಿರಲಿಲ್ಲ.

"ಬಿಡು, ಇನ್ನೊಬ್ಬರು ಹಿಡೀತಾರ. ನೀ ಹೋಗು," ಎಂದು ನಾನು ಅವಳ ಕೈ ಬಿಡಿಸಿದೆ. ಅವಳು ಹೋದಳು. ರುಮಾಲು ಸುತ್ತಿಕೊಳ್ಳುತ್ತಿದ್ದ ನೆರಳಿನ ಪಕ್ಕದಲ್ಲಿ ನಿಂತಳು. ಬಾಯಿ ತೆರೆದಳು, ಮುಚ್ಚಿದಳು. ಮೂವತ್ತೊಂದು ವರ್ಷ ಬೀದಿಗೆಲ್ಲ ಕೇಳುವಂತೆ ಹರಟಿದವಳಿಗೆ ಮಾತೇ ಹುಟ್ಟಲೊಲ್ಲದು. ಜಾಲಿಗಿಡಗಳು ಕಾಣುತ್ತಿದ್ದವು, ಹೊತ್ತು ಇನ್ನು ಸ್ವಲ್ಪವೇ ಇತ್ತು. ಕೊನೆಗೆ ಅವಳು ಹೊರಸಿನ ಕಡೆ ತಿರುಗಿದಳು.

"ಇಮಾಂಬಕ್ಕ, ಎಲ್ಲೀತನಕ ಹೇಳೀದಿ ಇವರಿಗೆ?"

ಇಮಾಂಬಿ ಉಸಿರು ಕೂಡಿಸಿಕೊಂಡಳು. "ಸುಗಲಾ ಎರಡನೇದ್ದಕ್ಕ ಬಸುರದಾಳ ಅನ್ನೂತನಕ ಹೇಳೀನಿ. ಆಮ್ಯಾಲ ನಾ ಹಾಸಿಗಿ ಹಿಡದೆ. ಮುಂದಿಂದು ನೀ ಹೇಳು."

ಕಾಶವ್ವ ಸೆರಗಿನಿಂದ ಮುಖ ಒರೆಸಿಕೊಂಡಳು, ಅದನ್ನೇ ತಲೆಯ ಮೇಲೆ ಹೊದ್ದುಕೊಂಡಳು. ಬಗ್ಗಿ ಕೂತಳು, ಗಂಡನ ನೆರಳಿನ ಕಿವಿ ಇರಬಹುದಾದ ಕಡೆಗೆ.

"ನಾನ್ರಿ, ಕಾಶಿ," ಅಂದಳು. "ಸುಗಲಾಗ ಹೆಣ್ಣು ಹುಟ್ಟೇತ್ರಿ."